‘ಬ್ಯಾಸ್ಕೆಟ್‌ಬಾಲ್’: ಚೆಂಡು ಮೊದಲೋ ಆಟ ಮೊದಲೋ? ಒಂದು ಇಂಗ್ಲಿಷ್ ಸಮಾಸದ ಅರ್ಥವಿಚಾರ

1. ಪ್ರಶ್ನೆ

ಇಂಗ್ಲಿಷಿನ ‘ಬ್ಯಾಸ್ಕೆಟ್‌ಬಾಲ್’ ಪದಕ್ಕೆ ನಿಘಂಟುಗಳು ಸಾಮಾನ್ಯವಾಗಿ ಎರಡು ಅರ್ಥ ಕೊಡುತ್ತವೆ. ಎರಡು ತಂಡಗಳು ಎತ್ತರದ ರಿಂಗಿನೊಳಕ್ಕೆ ಚೆಂಡು ಹಾಕಿ ಅಂಕ ಗಳಿಸುವ ಆಟ ಎಂಬುದು ಒಂದು. ಆ ಆಟದಲ್ಲಿ ಬಳಸುವ ಗಾಳಿ ತುಂಬಿದ ಚೆಂಡು ಎಂಬುದು ಇನ್ನೊಂದು. ವ್ಯುತ್ಪತ್ತಿಯ ಜಾಗದಲ್ಲಿ ‘ಬ್ಯಾಸ್ಕೆಟ್’ ಮತ್ತು ‘ಬಾಲ್’ ಎಂದು ಬರೆದು, ಮೊದಲ ಪ್ರಯೋಗ 1892 ಎಂದು ನಮೂದಿಸಿ ಮುಂದಿನ ಪದಕ್ಕೆ ಹೋಗುತ್ತವೆ. ಹುಟ್ಟಿದ ಊರು, ವರ್ಷ, ಹೆಸರು ಸೂಚಿಸಿದ ವ್ಯಕ್ತಿ ಎಲ್ಲವೂ ಗೊತ್ತಿರುವ ಪದಗಳು ಯಾವ ಭಾಷೆಯಲ್ಲೂ ವಿರಳ. ಅಂಥ ಪದದಲ್ಲಿ ಚರ್ಚಿಸಲು ಏನೂ ಉಳಿದಿಲ್ಲ ಎಂದು ತೋರುವುದು ಸಹಜ.

ಆದರೆ ಈ ಎರಡು ಅರ್ಥಗಳಲ್ಲಿ ಯಾವುದು ಮೊದಲು, ಒಂದರಿಂದ ಇನ್ನೊಂದು ಬಂದದ್ದು ಹೇಗೆ, ‘ಬ್ಯಾಸ್ಕೆಟ್’ಗೂ ‘ಬಾಲ್’ಗೂ ಈ ಸಮಾಸದೊಳಗೆ ಇರುವ ಸಂಬಂಧ ಎಂಥದ್ದು ಎಂಬ ಪ್ರಶ್ನೆಗಳಿಗೆ ಸಿಗುವ ರೂಢಿಯ ಉತ್ತರ ನನಗೆ ಒಪ್ಪಿಗೆಯಾಗುವುದಿಲ್ಲ. ಆಟವನ್ನು ಕಂಡುಹಿಡಿದ ಜೇಮ್ಸ್ ನೈಸ್ಮಿತ್ ಸ್ವತಃ ದಾಖಲಿಸಿದ ಕಥೆಯೇ ಆ ಉತ್ತರಕ್ಕೆ ಆಧಾರ. ಕಥೆಯನ್ನು ನಾನು ನಂಬುತ್ತೇನೆ. ಅದರೊಳಗಿನ ವಿವರಣೆಯನ್ನು ಮಾತ್ರ ಪ್ರಶ್ನಿಸುತ್ತೇನೆ.

2. ಒಪ್ಪಿತ ಸಂಗತಿಗಳು

ಕೆನಡಾದ ಒಂಟಾರಿಯೊ ಪ್ರಾಂತದ ಆಲ್ಮಾಂಟಿನ ಬಳಿ 1861ರಲ್ಲಿ ಹುಟ್ಟಿದ ನೈಸ್ಮಿತ್, 1891ರಲ್ಲಿ ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಸ್ಪ್ರಿಂಗ್‌ಫೀಲ್ಡಿನಲ್ಲಿದ್ದ ವೈಎಂಸಿಎ ತರಬೇತಿ ಶಾಲೆಯಲ್ಲಿ ಬೋಧಕರಾಗಿದ್ದರು. ಚಳಿಗಾಲದಲ್ಲಿ ಒಳಾಂಗಣದಲ್ಲಿ ಆಡಬಹುದಾದ ಆಟವೊಂದು ಬೇಕು ಎಂಬುದು ಅವರ ಮೇಲಧಿಕಾರಿ ಲೂಥರ್ ಗುಲಿಕ್ ಅವರ ಅಪೇಕ್ಷೆ. ಡಿಸೆಂಬರಿನಲ್ಲಿ ನೈಸ್ಮಿತ್ 13 ನಿಯಮಗಳನ್ನು ಬರೆದರು. ಚೌಕಾಕಾರದ ಪೆಟ್ಟಿಗೆಗಳನ್ನು ಕೇಳಿದಾಗ ಶಾಲೆಯ ಜವಾನ ತಂದುಕೊಟ್ಟದ್ದು ಪೀಚ್ ಹಣ್ಣಿನ ಎರಡು ಬುಟ್ಟಿ. ಅವನ್ನು ವ್ಯಾಯಾಮಶಾಲೆಯ ಮೊಗಸಾಲೆಯ ಕಟಕಟೆಗೆ, ನೆಲದಿಂದ 10 ಅಡಿ ಎತ್ತರದಲ್ಲಿ, ಮೊಳೆ ಹೊಡೆದು ಕೂಡಿಸಲಾಯಿತು. ಇಡೀ ತರಗತಿಯ 18 ವಿದ್ಯಾರ್ಥಿಗಳು ಒಂಬತ್ತು ಒಂಬತ್ತರಂತೆ ಆಡಿದರು. 1892ರ ಜನವರಿ 15ರಂದು ಶಾಲೆಯ ಪತ್ರಿಕೆ ‘ದಿ ಟ್ರಯಾಂಗಲ್’ ಈ ನಿಯಮಗಳನ್ನು ‘ಬ್ಯಾಸ್ಕೆಟ್ ಬಾಲ್’ ಎಂಬ ತಲೆಬರಹದ ಕೆಳಗೆ ಅಚ್ಚುಮಾಡಿತು.

ಬರವಣಿಗೆಯ ರೂಪದ ಬಗ್ಗೆಯೂ ಹೆಚ್ಚಿನ ವಿವಾದವಿಲ್ಲ. ಮೊದಲು ಅದು ಬಿಡಿಬಿಡಿಯಾದ ಎರಡು ಪದ. ಸ್ಮಿತ್ ಕಾಲೇಜಿನ ಸೆಂಡಾ ಬೆರೆನ್ಸನ್ ಮಹಿಳೆಯರಿಗಾಗಿ ಸಂಪಾದಿಸಿದ ನಿಯಮಪುಸ್ತಕದ ಹೆಸರಿನಲ್ಲೂ ಹಾಗೆಯೇ ಇದೆ. ನಡುವೆ ಅಡ್ಡಗೆರೆಯಿರುವ ರೂಪವೂ ಬಳಕೆಯಲ್ಲಿತ್ತು. ಮುಂದೆ ಕೂಡಿಸಿ ಬರೆಯುವ ರೂಪ ಗೆದ್ದಿತು. ನೈಸ್ಮಿತ್ ನಿಧನರಾದ ಎರಡು ವರ್ಷಗಳ ನಂತರ, 1941ರಲ್ಲಿ, ಹೊರಬಂದ ಅವರ ಪುಸ್ತಕದಲ್ಲಿ ಇರುವುದು ಒಂದೇ ಪದ. ಈ ಬೆಸುಗೆಗೂ ಅರ್ಥಕ್ಕೂ ನೇರ ಸಂಬಂಧ ಹುಡುಕುವುದು ಸರಿಯಲ್ಲ. ‘ವಾಲಿಬಾಲ್’ ಅಮೆರಿಕದಲ್ಲಿ ಅಧಿಕೃತವಾಗಿ ಒಂದೇ ಪದವಾದದ್ದು 1952ರಲ್ಲಿ; ಅದಕ್ಕೂ ಮೊದಲು ಆ ಪದದ ಅರ್ಥ ಬೇರೆಯಾಗಿರಲಿಲ್ಲ.

3. ವಿವಾದದ ತಿರುಳು: ಬಹುವ್ರೀಹಿಯೋ ತತ್ಪುರುಷವೋ?

ಹೆಸರಿನ ಕಥೆ ಹೀಗಿದೆ. ನೈಸ್ಮಿತ್ ಅವರ ವಿದ್ಯಾರ್ಥಿ ಫ್ರಾಂಕ್ ಮಹಾನ್ ಹೊಸ ಆಟಕ್ಕೆ ‘ನೈಸ್ಮಿತ್ ಬಾಲ್’ ಎಂಬ ಹೆಸರು ಸೂಚಿಸಿದ. ಗುರುಗಳು ನಕ್ಕು ಒಪ್ಪಲಿಲ್ಲ. ಹಾಗಾದರೆ ಬುಟ್ಟಿಯೂ ಇದೆ, ಚೆಂಡೂ ಇದೆ, ‘ಬ್ಯಾಸ್ಕೆಟ್ ಬಾಲ್’ ಎನ್ನೋಣ ಎಂದ. ಹೆಸರು ನಿಂತಿತು.

ಮಹಾನ್ ಕೊಟ್ಟ ಕಾರಣವನ್ನು ನಮ್ಮ ವ್ಯಾಕರಣದ ಪರಿಭಾಷೆಗೆ ತಂದರೆ ಅದು ಬಹುವ್ರೀಹಿಯ ವಿಗ್ರಹವಾಕ್ಯವಾಗುತ್ತದೆ: ಬುಟ್ಟಿಯೂ ಚೆಂಡೂ ಉಳ್ಳದ್ದು ಯಾವುದೋ ಅದು. ‘ಮುಕ್ಕಣ್ಣ’ ಎಂಬಲ್ಲಿ ಮೂರು ಎಂಬುದೂ ಕಣ್ಣು ಎಂಬುದೂ ಪ್ರಧಾನವಲ್ಲದೆ ಶಿವನೆಂಬ ಅನ್ಯಪದ ಪ್ರಧಾನವಾಗುವಂತೆ, ಇಲ್ಲಿ ಬುಟ್ಟಿಯೂ ಅಲ್ಲದ ಚೆಂಡೂ ಅಲ್ಲದ ಆಟ ಪ್ರಧಾನವಾಗುತ್ತದೆ. ನಿಘಂಟುಗಳ ‘ಬ್ಯಾಸ್ಕೆಟ್ ಮತ್ತು ಬಾಲ್’ ಎಂಬ ವ್ಯುತ್ಪತ್ತಿ ಈ ನೋಟವನ್ನು ಮೌನವಾಗಿ ಒಪ್ಪಿಕೊಂಡಂತಿದೆ. ಇದರ ಪ್ರಕಾರ ‘ಬಾಲ್’ ಎಂದರೆ ಗುಂಡನೆಯ ವಸ್ತು ಮಾತ್ರ.

ನನ್ನ ವಾದ ಬೇರೆ. ಇದು ತತ್ಪುರುಷ, ಉತ್ತರಪದವಾದ ‘ಬಾಲ್’ ಪ್ರಧಾನ, ಆ ‘ಬಾಲ್’ಗೆ ಇಲ್ಲಿ ಚೆಂಡು ಎಂಬ ಅರ್ಥವಿಲ್ಲ, ಚೆಂಡಾಟ ಎಂಬ ಅರ್ಥವಿದೆ. ಬುಟ್ಟಿಯ ಚೆಂಡಾಟ ಎಂಬುದು ಪದದ ಮೊದಲ ಅರ್ಥ.

ಇದಕ್ಕೆ ಮೊದಲ ಸಾಕ್ಷಿ ಅದೇ ಕಥೆಯೊಳಗೆ, ಎಲ್ಲರೂ ದಾಟಿಹೋಗುವ ಸಾಲಿನಲ್ಲಿದೆ. ನಿರಾಕೃತವಾದ ಹೆಸರು ‘ನೈಸ್ಮಿತ್ ಬಾಲ್’. ನೈಸ್ಮಿತ್ ಹಾಗೂ ಚೆಂಡು ಉಳ್ಳ ಆಟ ಎಂಬ ವಿಗ್ರಹ ಇಲ್ಲಿ ಕೂಡುವುದಿಲ್ಲ. ನೈಸ್ಮಿತ್ತರ ಚೆಂಡಾಟ ಎಂಬುದೇ ಕೂಡುತ್ತದೆ. ಮಹಾನ್ ಬದಲಿಸಿದ್ದು ಪೂರ್ವಪದವನ್ನು ಮಾತ್ರ. ‘ಬಾಲ್’ ಎಂಬ ಉತ್ತರಪದ ಅವನ ಮನಸ್ಸಿನಲ್ಲಿ ಆಗಲೇ ಕೂತಿತ್ತು. ಬುಟ್ಟಿಯೂ ಇದೆ ಚೆಂಡೂ ಇದೆ ಎಂಬ ಸಮರ್ಥನೆ, ಆಯ್ಕೆಯಾದ ಹೆಸರಿಗೆ ಆಮೇಲೆ ಜೋಡಿಸಿದ ಕಾರಣ.

ಇಲ್ಲೊಂದು ಎಚ್ಚರ ಅಗತ್ಯ. ಈ ಸಂಭಾಷಣೆ ಅಚ್ಚಾದದ್ದು ಘಟನೆ ನಡೆದು ಅರ್ಧ ಶತಮಾನ ಕಳೆದ ಮೇಲೆ. ಮಾತುಗಳು ಅಕ್ಷರಶಃ ಹಾಗೆಯೇ ಇದ್ದವು ಎಂದು ಯಾರೂ ಪ್ರಮಾಣ ಮಾಡಲಾರರು. ನೆನಪನ್ನು ಆಧರಿಸಿದ ವಿವರಣೆಯನ್ನು ಪ್ರಶ್ನಿಸುವ ನಾನು ಅದೇ ನೆನಪಿನ ಇನ್ನೊಂದು ಭಾಗವನ್ನು ಸಾಕ್ಷಿಗೆ ಕರೆಯುವುದು ಸರಿಯೇ ಎಂದು ಕೇಳಬಹುದು. ಉತ್ತರ ಇಷ್ಟೆ: ವಿವರಣೆ ಹೇಳುವವನ ಉದ್ದೇಶಕ್ಕೆ ತಕ್ಕಂತೆ ರೂಪ ತಾಳುತ್ತದೆ, ಪ್ರಾಸಂಗಿಕವಾಗಿ ಬಂದ ವಿವರ ಅಷ್ಟಾಗಿ ತಾಳುವುದಿಲ್ಲ. ‘ನೈಸ್ಮಿತ್ ಬಾಲ್’ ಎಂಬುದನ್ನು ನೈಸ್ಮಿತ್ ಪದರಚನೆಯ ಬಗ್ಗೆ ಏನನ್ನೂ ಸಾಧಿಸಲು ಹೇಳಲಿಲ್ಲ. ಆದ್ದರಿಂದಲೇ ಅದಕ್ಕೆ ಹೆಚ್ಚು ತೂಕ.

ಎರಡನೆಯ ಸಾಕ್ಷಿ ಆ ಕಾಲದ ಇಂಗ್ಲಿಷಿನದು. 1424ರ ಸ್ಕಾಟ್ಲೆಂಡಿನ ಶಾಸನ ನಿಷೇಧಿಸಿದ್ದು ಫುಟ್‌ಬಾಲ್ ಎಂಬ ಆಟವನ್ನು. ‘ಬೇಸ್‌ಬಾಲ್’ 1744ರಲ್ಲಿ ಜಾನ್ ನ್ಯೂಬೆರಿ ಪ್ರಕಟಿಸಿದ ಮಕ್ಕಳ ಪುಸ್ತಕದಲ್ಲೇ ಆಟದ ಹೆಸರಾಗಿ ಬರುತ್ತದೆ. 1891ರ ಅಮೆರಿಕದ ವಿದ್ಯಾರ್ಥಿಗೆ ಈ ಎರಡೂ ದಿನನಿತ್ಯದ ಮಾತು. ಹೊಸ ಆಟಕ್ಕೆ ಹೆಸರು ಬೇಕೆಂದರೆ ‘ಬಾಲ್’ ಎಂಬುದನ್ನು ಕೊನೆಯಲ್ಲಿಟ್ಟು ಹಿಂದೆ ಒಂದು ವಿಶೇಷಣ ಹಚ್ಚಿದರೆ ಆಯಿತು. ನಾಲ್ಕು ವರ್ಷಗಳ ನಂತರ, 1895ರಲ್ಲಿ, ಅದೇ ರಾಜ್ಯದ ಹೋಲ್ಯೋಕಿನಲ್ಲಿ ವಿಲಿಯಂ ಮಾರ್ಗನ್ ‘ಮಿಂಟೊನೆಟ್’ ಎಂಬ ಆಟ ರೂಪಿಸಿದರು. 1896ರ ಪ್ರದರ್ಶನದಲ್ಲಿ ಆಲ್ಫ್ರೆಡ್ ಹಾಲ್‌ಸ್ಟೆಡ್ ಅವರ ಸೂಚನೆಯಂತೆ ಅದು ‘ವಾಲಿ ಬಾಲ್’ ಆಯಿತು. ವಾಲಿ ಎಂಬುದು ಕಣ್ಣಿಗೆ ಕಾಣುವ ವಸ್ತುವಲ್ಲ, ಚೆಂಡು ನೆಲ ಮುಟ್ಟುವ ಮೊದಲೇ ಹೊಡೆಯುವ ಕ್ರಿಯೆ. ಅಂಕಣದಲ್ಲಿರುವ ಎರಡು ವಸ್ತುಗಳನ್ನು ಜೋಡಿಸಿ ಹೆಸರಿಡುವ ಪದ್ಧತಿ ಇದ್ದಿದ್ದರೆ ಆ ಆಟ ಬಲೆ ಹಾಗೂ ಚೆಂಡಿನ ಹೆಸರು ಪಡೆಯಬೇಕಿತ್ತು.

ಮೂರನೆಯ ಸಾಕ್ಷಿ ನಮ್ಮ ಮೈದಾನಗಳದ್ದು. ಕರ್ನಾಟಕದ ಶಾಲೆಗಳಲ್ಲಿ ಥ್ರೋಬಾಲ್ ಆಡುವವರಿಗೂ ಬಾಲ್ ಬ್ಯಾಡ್ಮಿಂಟನ್ ಆಡುವವರಿಗೂ ಈ ವ್ಯತ್ಯಾಸ ಪರಿಚಿತ. ಥ್ರೋಬಾಲಿನಲ್ಲಿ ‘ಬಾಲ್’ ಕೊನೆಗೆ ಬಂದು ಆಟದ ಜಾತಿಯನ್ನು ಹೇಳುತ್ತದೆ. ಹಳದಿ ಉಣ್ಣೆಯ ಚೆಂಡಿನಿಂದ ಆಡುವ ಬಾಲ್ ಬ್ಯಾಡ್ಮಿಂಟನ್ನಿನಲ್ಲಿ ‘ಬಾಲ್’ ಮೊದಲಿಗೆ ಬರುತ್ತದೆ; ಅಲ್ಲಿ ಅದು ನಿಜಕ್ಕೂ ಚೆಂಡು, ಶಟಲ್ ಕಾಕ್‌ಗೆ ಬದಲಾಗಿ ಬಳಸುವ ವಸ್ತು. ಆಟದ ಜಾತಿಯನ್ನು ‘ಬ್ಯಾಡ್ಮಿಂಟನ್’ ಹೇಳುತ್ತದೆ. ವಸ್ತುವಾದರೆ ಮುಂದೆ, ಆಟವಾದರೆ ಹಿಂದೆ ಎಂಬ ಈ ವ್ಯವಸ್ಥೆ ಬಹುವ್ರೀಹಿಯ ವಿವರಣೆಗೆ ಒಗ್ಗುವುದಿಲ್ಲ.

4. ಚೆಂಡಿನ ಅರ್ಥ ಬಂದದ್ದು ಹೇಗೆ?

ಆಟ ಮೊದಲು, ಚೆಂಡು ನಂತರ ಎಂಬುದಕ್ಕೆ ಅತಿ ಗಟ್ಟಿಯಾದ ಆಧಾರ 1892ರ ಅಚ್ಚಿನ ಪುಟದಲ್ಲೇ ಇದೆ. ತಲೆಬರಹ ‘ಬ್ಯಾಸ್ಕೆಟ್ ಬಾಲ್’. ನಿಯಮಗಳ ಆರಂಭದಲ್ಲಿ ಹೇಳಿರುವುದು, ಚೆಂಡು ಮಾಮೂಲಿ ಅಸೋಸಿಯೇಷನ್ ಫುಟ್‌ಬಾಲ್ ಆಗಿರಬೇಕು ಎಂದು. ಹೊಸ ಆಟದ ಚೆಂಡಿಗೆ ಆಗ ಇದ್ದದ್ದು ಬೇರೆ ಆಟದ ಹೆಸರು. ‘ಬ್ಯಾಸ್ಕೆಟ್ ಬಾಲ್’ ಎಂದು ಕರೆಯಬಹುದಾದ ಚೆಂಡೇ ಇನ್ನೂ ಹುಟ್ಟಿರಲಿಲ್ಲ. ಈ ಆಟಕ್ಕೆಂದೇ ತಾನು ಚೆಂಡು ತಯಾರಿಸಿದ ವರ್ಷ 1894 ಎಂದು ಸ್ಪಾಲ್ಡಿಂಗ್ ಕಂಪನಿ ಹೇಳುತ್ತದೆ. ಕಂಪನಿಯ ವರ್ಷವನ್ನು ಸ್ವಲ್ಪ ಹಿಂದುಮುಂದು ಮಾಡಿದರೂ ಅರ್ಥಗಳ ಅನುಕ್ರಮ ಬದಲಾಗುವುದಿಲ್ಲ. ಅದೇ ಪುಟದಲ್ಲಿ ‘ಫುಟ್‌ಬಾಲ್’ ವಸ್ತುವಿನ ಹೆಸರಾಗಿ ನಿಂತಿರುವುದೂ ಗಮನಾರ್ಹ. ಆಟದ ಹೆಸರನ್ನೇ ಚೆಂಡಿಗೂ ಬಳಸುವ ದಾರಿ ಇಂಗ್ಲಿಷಿನಲ್ಲಿ ಮೊದಲೇ ತೆರೆದಿತ್ತು.

ಆ ದಾರಿ ಯಾವುದು? ಲಕ್ಷಣೆ ಎಂಬುದು ರೂಢಿಯ ಉತ್ತರ: ಆಟದ ಹೆಸರು ಸಾಮೀಪ್ಯದಿಂದ ಸಾಧನಕ್ಕೆ ಸರಿಯಿತು. ಇದು ಸಾಲದು. ಲಕ್ಷಣೆಯೊಂದೇ ಸಾಕಾಗಿದ್ದರೆ ‘ಟೆನಿಸ್’, ‘ಕ್ರಿಕೆಟ್’, ‘ಗಾಲ್ಫ್’ ಎಂಬ ಹೆಸರುಗಳೂ ಚೆಂಡಿಗೆ ಸಲ್ಲಬೇಕಿತ್ತು. ಇಂಗ್ಲಿಷಿನಲ್ಲಿ ಯಾರೂ ಕ್ರಿಕೆಟ್ ಚೆಂಡನ್ನು ‘ಎ ಕ್ರಿಕೆಟ್’ ಎನ್ನುವುದಿಲ್ಲ. ‘ಕ್ರಿಕೆಟ್ ಬಾಲ್’ ಎಂದೇ ಹೇಳಬೇಕು. ಅದೇ ‘ಎ ಬ್ಯಾಸ್ಕೆಟ್‌ಬಾಲ್’, ‘ಎ ಬೇಸ್‌ಬಾಲ್’, ‘ಎ ವಾಲಿಬಾಲ್’ ಎಲ್ಲವೂ ಸಹಜ. ಹೆಸರಿನ ಕೊನೆಯಲ್ಲಿ ‘ಬಾಲ್’ ಇದ್ದ ಕಡೆ ಮಾತ್ರ ಚೆಂಡಿನ ಅರ್ಥ ಸುಲಭವಾಗಿ ಹುಟ್ಟುತ್ತದೆ.

ಇದರಿಂದ ನಾನು ಮುಂದಿಡುವ ಊಹೆ: ‘ಕ್ರಿಕೆಟ್ ಬಾಲ್’ ಮಾದರಿಯಲ್ಲಿ ಇಲ್ಲಿಯೂ ‘ಬ್ಯಾಸ್ಕೆಟ್‌ಬಾಲ್ ಬಾಲ್’ ಎಂಬ ರೂಪಕ್ಕೆ ಎಡೆಯಿತ್ತು. ಒಂದೇ ಪದ ಬೆನ್ನಿಗೆ ಬೆನ್ನು ಬಂದಾಗ ಒಂದು ಲೋಪವಾಗಿ, ಆಟದ ಹೆಸರೇ ಚೆಂಡಿನ ಹೆಸರಾಗಿ ಕೇಳಿಸಿತು. ಇದನ್ನು ಸಿದ್ಧಾಂತವೆಂದು ಹೇಳುವಷ್ಟು ಬಲ ನನ್ನ ವಾದಕ್ಕಿಲ್ಲ; ಸಂಭಾವ್ಯತೆ ಎಂದಷ್ಟೇ ಹೇಳುತ್ತೇನೆ. ಏಕೆಂದರೆ ಲೋಪ ತನ್ನ ಗುರುತನ್ನು ಬಿಟ್ಟುಹೋಗುವುದಿಲ್ಲ. ‘ಬಾಲ್’ ಎಂದರೆ ಗೋಳ ಎಂಬುದು ಪ್ರತಿ ಮಗುವಿಗೂ ಗೊತ್ತಿರುವಾಗ, ಕೇಳುಗರು ಸಮಾಸವನ್ನು ತಾವೇ ಹೊಸದಾಗಿ ಬಿಡಿಸಿಕೊಂಡು ಬುಟ್ಟಿಗೆ ಹಾಕುವ ಚೆಂಡು ಎಂದು ತಿಳಿದಿರುವುದೂ ಸಾಧ್ಯ. ಎಲ್ಲ ‘ಬಾಲ್’ ಸಮಾಸಗಳೂ ಒಂದೇ ಹಾದಿ ಹಿಡಿದವು ಎಂದೂ ಹೇಳಲಾಗದು. ‘ಪೇಂಟ್‌ಬಾಲ್’ನಲ್ಲಿ ಬಣ್ಣ ತುಂಬಿದ ಗುಂಡಿನ ಹೆಸರೇ ಆಟಕ್ಕೆ ಹೋದಂತಿದೆ, ‘ಫುಟ್‌ಬಾಲ್’ನಲ್ಲಿ ಎರಡೂ ಅರ್ಥಗಳು ಮಧ್ಯಯುಗದಷ್ಟು ಹಳೆಯವು. ಆದರೆ ಬ್ಯಾಸ್ಕೆಟ್‌ಬಾಲಿನ ವಿಷಯದಲ್ಲಿ ಶುದ್ಧ ಲಕ್ಷಣೆಯ ವಿವರಣೆ, ಟೆನಿಸ್ ಕ್ರಿಕೆಟ್‌ಗಳಿಗೆ ಆಗದ್ದು ಇದಕ್ಕೇಕೆ ಆಯಿತು ಎಂಬುದನ್ನು ಹೇಳಲಾರದು. ಲೋಪದ ಊಹೆ ಹೇಳುತ್ತದೆ. ಕನ್ನಡದ ಮಾತಿನಲ್ಲಿ ‘ಬ್ಯಾಸ್ಕೆಟ್‌ಬಾಲ್ ಆಡೋಣ’ ಎಂಬುದು ಆಟಕ್ಕೆ ಮೀಸಲಾಗಿ, ವಸ್ತುವನ್ನು ‘ಬಾಲ್’ ಅಥವಾ ‘ಬ್ಯಾಸ್ಕೆಟ್‌ಬಾಲ್ ಬಾಲ್’ ಎನ್ನುವುದುಂಟು. ಇಂಗ್ಲಿಷ್ ಕೈಬಿಟ್ಟಿತೆಂದು ನಾನು ಊಹಿಸುವ ರೂಪ ನಮ್ಮ ಬಾಯಲ್ಲಿ ಜೀವಂತವಾಗಿದೆ.

5. ನಿಘಂಟು ಮರೆತ ಮೂರನೆಯ ಅರ್ಥ

ಆಸ್ಟ್ರೇಲಿಯ ಮತ್ತು ನ್ಯೂಜಿಲೆಂಡಿನ ಇಂಗ್ಲಿಷಿನಲ್ಲಿ, 1970ರಲ್ಲಿ ಹೆಸರು ಅಧಿಕೃತವಾಗಿ ಬದಲಾಗುವವರೆಗೆ, ಮಹಿಳೆಯರು ‘ಬ್ಯಾಸ್ಕೆಟ್‌ಬಾಲ್’ ಎಂದು ಆಡುತ್ತಿದ್ದದ್ದು ಇಂದಿನ ನೆಟ್‌ಬಾಲ್ ಆಟವನ್ನು. ತಂಡಕ್ಕೆ ಏಳು ಜನ, ಡ್ರಿಬ್ಲಿಂಗ್ ಇಲ್ಲ, ರಿಂಗಿನ ಹಿಂದೆ ಹಲಗೆ ಇಲ್ಲ. 1960ರಲ್ಲಿ ಸಿಲೋನಿನಲ್ಲಿ ಹಲವು ದೇಶಗಳ ಪ್ರತಿನಿಧಿಗಳು ಸೇರಿ ನಿಯಮಗಳನ್ನು ಒಂದುಮಾಡಿ ಸ್ಥಾಪಿಸಿದ ಅಂತರರಾಷ್ಟ್ರೀಯ ಒಕ್ಕೂಟದ ಹೆಸರಿನಲ್ಲಿ ‘ವಿಮೆನ್ಸ್ ಬ್ಯಾಸ್ಕೆಟ್‌ಬಾಲ್’ ಮತ್ತು ‘ನೆಟ್‌ಬಾಲ್’ ಎರಡೂ ಇದ್ದವು. ಆ ಎರಡು ಪದಗಳು ಹೇಳುತ್ತಿದ್ದದ್ದು ಒಂದೇ ಆಟವನ್ನು. 1963ರಲ್ಲಿ ಇಂಗ್ಲೆಂಡಿನ ಈಸ್ಟ್‌ಬೋರ್ನ್‌ನಲ್ಲಿ ಅದರ ಮೊದಲ ವಿಶ್ವ ಪಂದ್ಯಾವಳಿ ನಡೆದು ಆಸ್ಟ್ರೇಲಿಯ ಗೆದ್ದಿತು.

ಬಹುವ್ರೀಹಿ ಪಕ್ಷದವರು ಇದನ್ನು ತಮ್ಮ ಕಡೆ ಎಳೆದುಕೊಳ್ಳಬಹುದು: ರಿಂಗೂ ಚೆಂಡೂ ಎರಡು ಆಟಗಳಲ್ಲೂ ಇರುವುದರಿಂದ ವರ್ಣನಾತ್ಮಕ ಹೆಸರು ಎರಡಕ್ಕೂ ಒಪ್ಪಿತು ಎಂದು. ಆದರೆ ಒಂದೇ ಕಂಬ, ಒಂದೇ ರಿಂಗು, ಒಂದೇ ಚೆಂಡನ್ನು ನೋಡಿ ಇಂಗ್ಲೆಂಡಿನವರು ‘ನೆಟ್’ ಎಂದರು, ಆಸ್ಟ್ರೇಲಿಯದವರು ‘ಬ್ಯಾಸ್ಕೆಟ್’ ಎಂಬುದನ್ನು ಉಳಿಸಿಕೊಂಡರು. ಹೆಸರನ್ನು ನಿರ್ಧರಿಸಿದ್ದು ಕಣ್ಣಿಗೆ ಕಂಡ ಸಾಮಗ್ರಿ ಆಗಿದ್ದರೆ ಈ ಭೇದ ಬರುತ್ತಿರಲಿಲ್ಲ. ನೈಸ್ಮಿತ್ತರ ಆಟದ ಮಹಿಳಾ ರೂಪದಿಂದ ಬೆಳೆದ ಆಟ ತನ್ನ ಮೂಲದ ಹೆಸರನ್ನು ಹೊತ್ತುಕೊಂಡು ಹೋಯಿತು. ಅಮೆರಿಕದಲ್ಲೂ ಪೀಚ್ ಬುಟ್ಟಿ ಕೆಲವೇ ವರ್ಷಗಳಲ್ಲಿ ಕಬ್ಬಿಣದ ಬಳೆಗೆ ಜಾಗ ಬಿಟ್ಟುಕೊಟ್ಟಿತು; ಹೆಸರು ಬದಲಾಗಲಿಲ್ಲ. ಅಷ್ಟೇ ಅಲ್ಲ, ‘ಬ್ಯಾಸ್ಕೆಟ್’ ಎಂಬ ಪದವೇ ಯಶಸ್ವಿ ಎಸೆತ ಎಂಬ ಹೊಸ ಅರ್ಥ ಪಡೆಯಿತು. ಮೂಲ ನಿಯಮಗಳಲ್ಲಿ ಅದಕ್ಕೆ ಇದ್ದ ಪದ ‘ಗೋಲ್’.

6. ಸಮಾರೋಪ

ಮೇಲಿನ ಚರ್ಚೆಯಿಂದ ಎರಡು ಸಂಗತಿ ಖಚಿತವಾಗುತ್ತವೆ ಎಂದು ನನ್ನ ಭಾವನೆ. ಪದದ ಮೊದಲ ಅರ್ಥ ಆಟ. ಚೆಂಡಿನ ಅರ್ಥ ಆನಂತರದ್ದು. ಸಮಾಸ ತತ್ಪುರುಷ, ‘ಬಾಲ್’ ಅದರಲ್ಲಿ ಆಟದ ಜಾತಿಸೂಚಕ. ಚೆಂಡಿನ ಅರ್ಥ ಲೋಪದಿಂದ ಬಂತೇ, ಕೇಳುಗರ ಮರುವಿಂಗಡಣೆಯಿಂದ ಬಂತೇ ಎಂಬುದು ತೆರೆದೇ ಇದೆ. ಅದನ್ನು ಇತ್ಯರ್ಥಪಡಿಸಬೇಕಾದರೆ 1890ರ ದಶಕದ ಕ್ರೀಡಾಸಾಮಗ್ರಿ ಮಾರಾಟಗಾರರ ಬೆಲೆಪಟ್ಟಿಗಳನ್ನು ಸಾಲುಸಾಲಾಗಿ ಓದಬೇಕು; ಚೆಂಡನ್ನು ಏನೆಂದು ಕರೆದು ಮಾರಿದರು ಎಂಬುದು ಅಲ್ಲಿರಬೇಕು.

ಇಂಗ್ಲಿಷ್–ಕನ್ನಡ ನಿಘಂಟು ರಚಿಸುವವರಲ್ಲಿ ಒಂದು ವಿನಂತಿ. ಈ ಪದಕ್ಕೆ ಆಟವನ್ನು ಮೊದಲ ಅರ್ಥವಾಗಿಯೂ ಚೆಂಡನ್ನು ಎರಡನೆಯ ಅರ್ಥವಾಗಿಯೂ ಕೊಟ್ಟು, ‘ಆಸ್ಟ್ರೇಲಿಯ, ನ್ಯೂಜಿಲೆಂಡ್, 1970ರವರೆಗೆ: ನೆಟ್‌ಬಾಲ್’ ಎಂಬ ಮೂರನೆಯ ಅರ್ಥವನ್ನೂ ಸೇರಿಸಿ. ಆ ದೇಶಗಳ ಹಳೆಯ ಪತ್ರಿಕೆ, ಶಾಲಾ ವರದಿ, ಆತ್ಮಕಥೆಗಳನ್ನು ಓದುವ ಕನ್ನಡಿಗರು ಆಟವನ್ನೇ ತಪ್ಪಾಗಿ ತಿಳಿಯುವುದು ಇದರಿಂದ ತಪ್ಪುತ್ತದೆ.