ರಸ್ತೆ ಪರದೆಯ ಹಿಂದ

ಹುಕ್ಕೇರಿ ಕಡೆ ಜಾತ್ರ್ಯಾಗ ಕಂಪನಿ ನಾಟಕ ಅಂದ್ರ ನನ್ನ ಜಾಗಾ ಸೈಡ್‌ವಿಂಗಿನ ಹಗ್ಗದ ಹತ್ರ. ಅರಮನಿ, ಕಾಡು, ರಸ್ತೆ ಎಲ್ಲಾ ಬಣ್ಣದ ಪರದೆ. ಶಿಳ್ಳಿ ಊದಿದ ಕೂಡ್ಲೆ ಎಳೀಬೇಕು. ರಸ್ತೆ ಪರದೆ ಮುಂದ ಹಾಸ್ಯದವರು ಜನರನ್ನ ನಗಸೂದರಾಗ, ಹಿಂದ ನಾವು ಬರಿಗಾಲಲೆ ಸಿಂಹಾಸನ ಹೊತ್ತು ತಂದು ದರ್ಬಾರು ಹೂಡಬೇಕು. ಸಪ್ಪಳಾಗಬಾರದು. ನಮ್ಮ ಕೆಲಸ ತಡಾ ಆತಂದ್ರ ಹಾಸ್ಯ ಉದ್ದಾಗತಿತ್ತು. ಎಷ್ಟೋ ಛಲೋ ಮಾತು ಹುಟ್ಟಿದ್ದು ಹಂಗ ಅಂತ ನನ್ನ ಲೆಕ್ಕ.

ನಮ್ಮ ಜಿಲ್ಲೆಯವರೇ ಆದ ಏಣಗಿ ಬಾಳಪ್ಪನವರು 1947ರಾಗ ಕಲಾವೈಭವ ನಾಟ್ಯ ಸಂಘ ಕಟ್ಟಿದರು. ಮೊದಲ ಹೆಣ್ಣು ಪಾತ್ರ ಮಾಡಿ, ಮುಂದ ಬಸವಣ್ಣನಾಗಿ ನಿಂತವರು. ಅಂಥವರ ಹಿಂದೂ ಹಗ್ಗ ಎಳೆಯಾವರು ಇರಲೇಬೇಕಲ್ಲ!

ಕುಲಗೋಡ ತಮ್ಮಣ್ಣನವರ ಶ್ರೀಕೃಷ್ಣ ಪಾರಿಜಾತ ಬಯಲಾಟದಾಗ ಮಾತ್ರ ನಮಗ ಕೆಲಸಿಲ್ಲ. ಅಲ್ಲಿ ಹಿಮ್ಮೇಳದವರು ಪಾತ್ರದ ಬೆನ್ನಿಗೇ, ಎಲ್ಲಾರ ಕಣ್ಣಿಗೆ ಕಾಣೂಹಂಗ ನಿಂತು ಹಾಡತಾರ.