‘ದಿ ನೇಮ್ ಆಫ್ ದಿ ರೋಸ್’ ಹಿಂದಿನ ಇತಿಹಾಸ

ಇಟಲಿಯ ಬೊಲೊನ್ಯ ವಿಶ್ವವಿದ್ಯಾಲಯದಲ್ಲಿ ಪ್ರಾಧ್ಯಾಪಕರಾಗಿದ್ದ ಉಂಬೆರ್ತೊ ಎಕೊ ಅವರ ಕಾದಂಬರಿ ‘ದಿ ನೇಮ್ ಆಫ್ ದಿ ರೋಸ್’ ಪ್ರಕಟವಾದದ್ದು 1980ರಲ್ಲಿ. 1983ರಲ್ಲಿ ಇಂಗ್ಲಿಷಿಗೆ ಬಂತು. 1986ರಲ್ಲಿ ಚಲನಚಿತ್ರವೂ ಆಯಿತು. ಕಥೆ ನಡೆಯುವುದು 1327ರ ನವೆಂಬರ್ ಕೊನೆಯಲ್ಲಿ, ಉತ್ತರ ಇಟಲಿಯ ಬೆಟ್ಟದ ಮೇಲಿನ ಒಂದು ಕ್ರೈಸ್ತ ಮಠದಲ್ಲಿ. ಅಲ್ಲಿನ ಸನ್ಯಾಸಿಗಳು ಒಬ್ಬರ ಹಿಂದೊಬ್ಬರು ಸಾಯುತ್ತಾರೆ. ವಿಲಿಯಂ ಎಂಬ ಫ್ರಾನ್ಸಿಸ್ಕನ್ ಪಂಥದ ಸನ್ಯಾಸಿ ಪತ್ತೆದಾರಿಕೆಗೆ ತೊಡಗುತ್ತಾನೆ. ಕೊಲೆಗಾರ ಯಾರೆಂದು ಇಲ್ಲಿ ಹೇಳಿ, ಮುಂದೆ ಓದುವವರ ಸುಖವನ್ನು ಕೆಡಿಸುವುದಿಲ್ಲ.

ಮಠವೂ ಕೊಲೆಗಳೂ ಕಲ್ಪನೆ. ಆದರೆ ವಿಲಿಯಂನನ್ನು ಆ ಮಠಕ್ಕೆ ಕರೆತಂದ ವಿವಾದ ಮಾತ್ರ ಕಲ್ಪನೆಯಲ್ಲ. ಅದು ಪೋಪರಿಗೂ ಫ್ರಾನ್ಸಿಸ್ಕನ್ನರಿಗೂ ನಿಜವಾಗಿ ನಡೆದದ್ದು.

ಯೇಸುವಿಗೂ ಅವನ ಶಿಷ್ಯರಿಗೂ ಆಸ್ತಿಯಿತ್ತೇ? ಇರಲಿಲ್ಲ, ಆದ್ದರಿಂದ ನಮಗೂ ಬೇಡ ಎಂದರು ಫ್ರಾನ್ಸಿಸ್ಕನ್ನರು. ಹಾಗಾದರೆ ಅವರು ತಿನ್ನುವ ರೊಟ್ಟಿ, ಉಡುವ ಬಟ್ಟೆ ಯಾರದು? 1279ರಲ್ಲಿ ಪೋಪ್ ಮೂರನೆಯ ನಿಕೊಲಸ್ ಕೊಟ್ಟ ಉತ್ತರ: ಒಡೆತನ ಪೋಪರ ಪೀಠದ್ದು, ಬಳಕೆ ಮಾತ್ರ ಸನ್ಯಾಸಿಗಳದು. ಸರ್ಕಾರಿ ಕ್ವಾರ್ಟರ್ಸಿನಲ್ಲಿರುವ ನಮ್ಮಂಥವರಿಗೆ ಇದು ಬೇಗ ತಿಳಿಯುತ್ತದೆ. ವಾಸ ನಮ್ಮದು, ಮನೆ ಸರ್ಕಾರದ್ದು.

ಈಗಿನ ಫ್ರಾನ್ಸಿನ ಅವಿನ್ಯೋನ್ ನಗರದಲ್ಲಿ ನೆಲೆಸಿದ್ದ ಪೋಪ್ ಇಪ್ಪತ್ತೆರಡನೆಯ ಜಾನ್ ಈ ಏರ್ಪಾಡನ್ನು ಒಪ್ಪಲಿಲ್ಲ. 1322ರಲ್ಲಿ ಆ ಒಡೆತನ ತಮಗೆ ಬೇಡವೆಂದರು. 1323ರಲ್ಲಿ, ಯೇಸುವಿಗೂ ಶಿಷ್ಯರಿಗೂ ಏನೂ ಸ್ವಂತದ್ದಿರಲಿಲ್ಲವೆಂದು ಪಟ್ಟುಹಿಡಿದು ಸಾಧಿಸುವುದೇ ಧರ್ಮದ್ರೋಹವೆಂದು ಸಾರಿದರು. 44 ವರ್ಷ ಭಕ್ತಿಯೆನಿಸಿದ್ದು ಒಂದು ಆಜ್ಞೆಯಿಂದ ಅಪರಾಧವಾಯಿತು. 1328ರ ಮೇ ತಿಂಗಳಲ್ಲಿ ಪಂಥದ ಮುಖ್ಯಸ್ಥ ಚೆಸೇನದ ಮೈಕೆಲ್, ತತ್ತ್ವಜ್ಞಾನಿ ಆಕ್ಹಮಿನ ವಿಲಿಯಂ ಮೊದಲಾದವರು ಅವಿನ್ಯೋನ್‌ನಿಂದ ರಾತ್ರೋರಾತ್ರಿ ಪಾರಾಗಿ, ಬವೇರಿಯದ ಲೂಯಿ ದೊರೆಯ ಆಶ್ರಯ ಸೇರಿದರು.

ಇವರು ಬದುಕಿಕೊಂಡರು. ಎಲ್ಲರಿಗೂ ಆ ಅದೃಷ್ಟವಿರಲಿಲ್ಲ. ಇದಕ್ಕೂ ಮುಂಚೆ, 1317ರಲ್ಲಿ, ಉಡುಪಿನ ವಿಷಯದಲ್ಲಿಯೂ ಧಾನ್ಯ ಕೂಡಿಡುವ ವಿಷಯದಲ್ಲಿಯೂ ಮೇಲಧಿಕಾರಿಗಳ ಮಾತಿಗೆ ತಲೆಬಾಗಬೇಕೆಂದು ಇದೇ ಪೋಪರು ಆಜ್ಞಾಪಿಸಿದ್ದರು. ಬಡತನದ ವ್ರತವನ್ನು ಸಡಿಲಿಸಲೊಲ್ಲದ ನಾಲ್ವರು ಫ್ರಾನ್ಸಿಸ್ಕನ್ನರನ್ನು 1318ರಲ್ಲಿ ಮಾರ್ಸೇ ಪಟ್ಟಣದಲ್ಲಿ ಜೀವಂತ ಸುಟ್ಟರು.

ಕಾದಂಬರಿಯ ಸಾವುಗಳಿಗೆ ಪತ್ತೇದಾರ ಬೇಕಾಯಿತು. ಮಾರ್ಸೇ ಪಟ್ಟಣದ ಸಾವುಗಳಿಗೆ ಬೇಕಾಗಲಿಲ್ಲ. ಅಲ್ಲಿ ವಿಚಾರಣೆಯಿತ್ತು, ತೀರ್ಪಿತ್ತು, ನೋಡಲು ಜನರೂ ಇದ್ದರು. ಕೊಲೆಯ ಕುತೂಹಲಕ್ಕೆಂದು ಈ ಪುಸ್ತಕ ಹಿಡಿಯುವ ವಾಚಕರು, ಪುಟ ತಿರುವುವಾಗ ಆ ನಾಲ್ವರನ್ನೂ ಒಮ್ಮೆ ನೆನೆಯಲಿ.