ಅಮ್ಮನ ಅಕ್ಕಿ ಡಬ್ಬ

ಶಾಲೆಯ ಸುವರ್ಣ ಮಹೋತ್ಸವದ ಸಂಚಿಕೆಗೆ ಊರಿನ ಚರಿತ್ರೆಯ ಬಗ್ಗೆ ಬರೆಯಬೇಕೆಂದು ಗುರುಗಳು ಹೇಳಿದಾಗ ನನಗೆ ನೆನಪಾದದ್ದು ಅಮ್ಮನ ಅಕ್ಕಿ ಡಬ್ಬ.

ಅಜ್ಜನ ಕಾಲದಲ್ಲಿ ನಮ್ಮದು ಚಾಲಗೇಣಿ ಒಕ್ಕಲು. ಗೇಣಿ ಅಕ್ಕಿ ಮುಡಿಯಲ್ಲಿ, ಕೂಲಿಯೂ ಅಕ್ಕಿಯಲ್ಲಿ. ನಗದು ಬೇಕಾಗುತ್ತಿದ್ದುದು ಕಾಯಿಲೆಗೆ, ಇಲ್ಲವೇ ಕೋರ್ಟಿಗೆ. ಹಾಗಾಗಿ ಹಣವೆಂದರೆ ಮನೆಯವರಿಗೆ ಒಂದು ಬಗೆಯ ಅಂಜಿಕೆ. 1974ರ ಭೂಸುಧಾರಣೆಯಿಂದ ಗದ್ದೆ ನಮ್ಮದಾಯಿತು. ಆದರೆ ಗೊಬ್ಬರ, ಪಂಪ್‌ಸೆಟ್, ಮಕ್ಕಳ ಪುಸ್ತಕ ಎಲ್ಲದಕ್ಕೂ ನಗದೇ ಬೇಕಾಯಿತು. ಅದನ್ನು ತಂದುಕೊಟ್ಟದ್ದು ಬೀಡಿ. ಅಮ್ಮ ಕಟ್ಟಿದ ಬೀಡಿಯನ್ನು ಬ್ರಾಂಚಿಗೆ ಕೊಟ್ಟು ಶಾಲೆಗೆ ಓಡಿಬಂದವರಲ್ಲಿ ನಾನೂ ಒಬ್ಬ.

ಹಾಗೆ ನೋಡಿದರೆ ಅವಿಭಜಿತ ದಕ್ಷಿಣ ಕನ್ನಡ ಬ್ಯಾಂಕುಗಳ ತವರು. 1906ರಲ್ಲಿ ಮಂಗಳೂರಿನಲ್ಲಿ ಅಮ್ಮೆಂಬಳ ಸುಬ್ಬರಾವ್ ಪೈಗಳು ಕೆನರಾ ಬ್ಯಾಂಕಿಗೂ, ಉಡುಪಿಯಲ್ಲಿ ಹಾಜಿ ಅಬ್ದುಲ್ಲಾ ಸಾಹೇಬರು ಮುಂದೆ ಕಾರ್ಪೊರೇಷನ್ ಬ್ಯಾಂಕ್ ಎಂದು ಹೆಸರಾದ ಸಂಸ್ಥೆಗೂ ಬುನಾದಿ ಹಾಕಿದರು. 1924ರಲ್ಲಿ ಕರ್ಣಾಟಕ ಬ್ಯಾಂಕ್, 1925ರಲ್ಲಿ ಮುಂದಿನ ಸಿಂಡಿಕೇಟ್ ಬ್ಯಾಂಕ್, 1931ರಲ್ಲಿ ವಿಜಯಾ ಬ್ಯಾಂಕ್ ಹುಟ್ಟಿದವು. ಬಡವರು ಬ್ಯಾಂಕಿನ ಮೆಟ್ಟಿಲು ಹತ್ತಲು ಹೆದರುತ್ತಾರೆಂದು ಬ್ಯಾಂಕೇ ಅವರ ಅಂಗಳಕ್ಕೆ ಬಂದದ್ದು ಪಿಗ್ಮಿಯ ಮೂಲಕ. 1928ರಲ್ಲಿ ಸಿಂಡಿಕೇಟಿನವರು ಅದನ್ನು ಆರಂಭಿಸಿದಾಗ ದಿನಕ್ಕೆ ಎರಡಾಣೆ ಕೊಟ್ಟರೂ ಸಾಕಿತ್ತು.

ಅಮ್ಮನೂ ಪಿಗ್ಮಿ ಕಟ್ಟುತ್ತಿದ್ದಳು. ದೀಪ ಹಚ್ಚಿದ ಮೇಲೆ ಹಣ ಹೊರಗೆ ಕೊಡಬಾರದೆಂದು ಕಲೆಕ್ಟರರಿಗೆ ಹೊತ್ತು ಮುಳುಗುವ ಮೊದಲೇ ಬರಲು ಹೇಳಿದ್ದಳು. ನಾನು ಹತ್ತನೇ ತರಗತಿ ಮುಗಿಸಿ ಕಾಲೇಜು ಸೇರಿದ್ದು ಆ ಹಣದಿಂದ.

2016ರ ನವೆಂಬರ್ 8ರ ರಾತ್ರಿ 500 ಮತ್ತು 1000 ರೂಪಾಯಿ ನೋಟುಗಳು ರದ್ದಾದವು. ಮರುದಿನ ಬೆಳಿಗ್ಗೆ ಅಮ್ಮ ಅಕ್ಕಿ ಡಬ್ಬದಿಂದ ಒಂದು ಕಟ್ಟು ತೆಗೆದು, ಕದ್ದವಳ ಹಾಗೆ ತಲೆತಗ್ಗಿಸಿ ನನ್ನ ಕೈಗಿಟ್ಟಳು. "ಬ್ಯಾಂಕಿಗೆ ಯಾಕೆ ಹಾಕಲಿಲ್ಲ?" ಎಂದೆ. "ಬ್ಯಾಂಕಿನದ್ದು ನಿಮಗೆಲ್ಲ ಗೊತ್ತು. ಇದೊಂದು ನನ್ನದು" ಎಂದಳು. ಐವತ್ತು ವರ್ಷ ದುಡಿದವಳಿಗೆ ತನ್ನದೆನ್ನಲು ನಾಚಿಕೆಯಾಗುವಂತೆ ನಾವು ನಡೆದುಕೊಂಡಿದ್ದೆವು.

2019ರಲ್ಲಿ ವಿಜಯಾ, 2020ರಲ್ಲಿ ಕಾರ್ಪೊರೇಷನ್, ಸಿಂಡಿಕೇಟ್ ಬೇರೆ ಬ್ಯಾಂಕುಗಳಲ್ಲಿ ವಿಲೀನವಾದವು. ಈಗ ಚಹಾದ ಹಣವೂ ಮೊಬೈಲಿನಲ್ಲೇ ಹೋಗುತ್ತದೆ. ಆದರೂ ಮನೆಯಲ್ಲಿ ಹಣದ ಮಾತು ಬಂದರೆ ನಾವು ಈಗಲೂ ದನಿ ತಗ್ಗಿಸುತ್ತೇವೆ. ಬ್ಯಾಂಕು ಕಟ್ಟಿದ ಮಹನೀಯರ ಹೆಸರು ಚರಿತ್ರೆಯಲ್ಲಿದೆ. ಬೀಡಿ ಕಟ್ಟಿ ಈ ಶಾಲೆಗೆ ಮಕ್ಕಳನ್ನು ಕಳಿಸಿದ ತಾಯಂದಿರ ಲೆಕ್ಕವೂ ಅಲ್ಲಿ ಸೇರಬೇಕು.